ಸುಣ್ಣಬಣ್ಣಕ್ಕೆ ಮುರಿದುಕೊಂಡ ಅಡ್ವಾನ್ಸ್

ಓದುಗರ ಪತ್ರ: ಬೆಂಗಳೂರಿನ ಹನುಮಂತನಗರದ ಮನೆಯೊಂದರಲ್ಲಿ ಐದು ವರ್ಷ ಬಾಡಿಗೆಗಿದ್ದೆವು. ತಿಂಗಳಿಗೆ 15,000, ಅಡ್ವಾನ್ಸ್ 1,50,000. ಬಾಡಿಗೆ ಒಂದು ಸಲವೂ ತಡವಾಗಿಲ್ಲ. ಖಾಲಿ ಮಾಡಿ ಎರಡು ತಿಂಗಳಾಯಿತು. ಪೇಂಟಿಂಗ್‌ಗೆ 32,000, ಸಿಂಕ್‌ಗೆ 6,000, ಕ್ಲೀನಿಂಗ್‌ಗೆ 4,000 ಮುರಿದುಕೊಂಡು, ಉಳಿದದ್ದು ಹೊಸಬರು ಬಂದ ಮೇಲೆ ಎನ್ನುತ್ತಾರೆ ಓನರು. ಪೊಲೀಸರಿಗೆ ದೂರು ಕೊಡಲೇ, ಕೇಸು ಹಾಕಲೇ?

ಸಂಪಾದಕರ ಉತ್ತರ: ನಿಮ್ಮ ಕಾಗದದಲ್ಲಿ ನನ್ನ ಕಣ್ಣು ನಿಂತದ್ದು 32,000ದ ಮೇಲಲ್ಲ, ‘ಹೊಸಬರು ಬಂದ ಮೇಲೆ’ ಎಂಬ ಮಾತಿನ ಮೇಲೆ. ನಿಮ್ಮ ದುಡ್ಡು ಬಹುಶಃ ಅವರ ಕೈಯಲ್ಲಿಲ್ಲ. ಹತ್ತು ತಿಂಗಳ ಅಡ್ವಾನ್ಸ್ ಪಡೆಯುವ ಈ ಊರಿನಲ್ಲಿ ಹೋಗುವವರಿಗೆ ಕೊಡುವುದು ಬರುವವರ ಹಣವನ್ನೇ. ಅದನ್ನು ಬಾಯಿಬಿಟ್ಟು ಹೇಳಲು ಸಂಕೋಚ. ಆಗ ಮಾತು ಗೋಡೆಯ ಮೇಲೆ ಬೀಳುತ್ತದೆ: ಮೊಳೆ ತೂತು, ಒಗ್ಗರಣೆ ಕಲೆ.

ನಮ್ಮ ಮನೆಯಲ್ಲೂ ಒಮ್ಮೆ ಹೀಗಾಯಿತು. ಆದರೆ ಓನರ ಕಡೆಯವರು ನಾವು. ಮಹಡಿಯವರು ಖಾಲಿ ಮಾಡಿದಾಗ ಅಪ್ಪ ಕ್ಯಾಲೆಂಡರ್ ಹಾಳೆಯ ಬೆನ್ನಿಗೆ ಲೆಕ್ಕ ಬರೆದರು. ನಲ್ಲಿಯ ವಾಷರನ್ನೂ ಬಿಡಲಿಲ್ಲ. ಎರಡು ಸಂಜೆ ಕೂಗಾಟ. ಮೂರನೆಯ ದಿನ ಪಕ್ಕದ ಮನೆಯ ನಿವೃತ್ತ ಮೇಷ್ಟ್ರು ಅಪ್ಪನನ್ನು ಜಗಲಿಗೆ ಕರೆದು, “ದುಡ್ಡು ಯಾವಾಗ ಹೊಂದುತ್ತೆ ರಾಯರೇ?” ಎಂದಷ್ಟೇ ಕೇಳಿದರು. ಅಪ್ಪ ಸ್ವಲ್ಪ ಹೊತ್ತು ಸುಮ್ಮನಿದ್ದು, “ಎರಡು ಕಂತಾದರೆ ಆದೀತು” ಎಂದರು. ವಾಷರಿನ ಸುದ್ದಿ ಮತ್ತೆ ಬರಲಿಲ್ಲ.

ನ್ಯಾಯಾಲಯದ ಮಧ್ಯಸ್ಥಿಕೆಯಲ್ಲೂ ಆ ಜಗಲಿ ಇದೆ. ಮಧ್ಯಸ್ಥರು ತೀರ್ಪು ಕೊಡುವುದಿಲ್ಲ. ಇಬ್ಬರನ್ನೂ ಎದುರು ಕೂರಿಸಿ ಕೇಳುತ್ತಾರೆ, ಆಮೇಲೆ ಒಬ್ಬೊಬ್ಬರನ್ನೇ ಕರೆದು ಮಾತಾಡುತ್ತಾರೆ. ಹಾಗೆ ಬೇರೆಯಾಗಿ ಹೇಳಿದ್ದನ್ನು ಒಪ್ಪಿಗೆಯಿಲ್ಲದೆ ಇನ್ನೊಬ್ಬರ ಕಿವಿಗೆ ಹಾಕುವಂತಿಲ್ಲ. ಬೆಂಗಳೂರು ಮಧ್ಯಸ್ಥಿಕೆ ಕೇಂದ್ರ 2007ರಿಂದ ಈ ಕೆಲಸ ಮಾಡುತ್ತಿದೆ. ಬಾಡಿಗೆ ತಕರಾರುಗಳು ಮಧ್ಯಸ್ಥಿಕೆಗೆ ತಕ್ಕವು ಎಂದು ಸುಪ್ರೀಂ ಕೋರ್ಟೇ 2010ರಲ್ಲಿ ಹೇಳಿದೆ.

ನೀವು ಇನ್ನೂ ಕೇಸು ಹಾಕಿಲ್ಲವಲ್ಲ, ಕೇಸಿಗೆ ಮುಂಚೆಯೇ ರಾಜಿ ಮಾತುಕತೆ ನಡೆಸಿಕೊಡಿ ಎಂದು ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರಕ್ಕೆ ಅರ್ಜಿ ಕೊಡಿ. ವಿಚಾರಿಸಲು 15100ಕ್ಕೆ ಫೋನ್ ಮಾಡಬಹುದು. ಓನರಿಗೆ ನೋಟಿಸು ಹೋಗುತ್ತದೆ. ಅವರು ಬಾರದಿದ್ದರೆ ಎಳೆದು ತರಲಾಗದು. ಆಗ ಕೋರ್ಟಿನ ದಾರಿ ಇದ್ದೇ ಇದೆ. ಬಂದು ಒಪ್ಪಿಕೊಂಡರೆ ಲೋಕ ಅದಾಲತ್‌ನಲ್ಲಿ ರಾಜಿ ದಾಖಲಾಗಲಿ. ಅದಕ್ಕೆ ಸಿವಿಲ್ ಕೋರ್ಟಿನ ಡಿಕ್ರಿಯ ಬೆಲೆಯಿದೆ, ಮೇಲ್ಮನವಿ ಇಲ್ಲ. ರಾಜಿಪತ್ರದಲ್ಲಿ ಮೊತ್ತದ ಜೊತೆ ಕಂತಿನ ತಾರೀಕೂ ಇರಬೇಕು. ‘ಆದಷ್ಟು ಬೇಗ’ ಎಂಬ ಮಾತಿಗೆ ಸಹಿ ಹಾಕಬೇಡಿ.

ಪೊಲೀಸ್ ಠಾಣೆ ಬೇಡ, ಇದು ಸಿವಿಲ್ ವ್ಯಾಜ್ಯ. ಬೆಂಗಳೂರಿನಲ್ಲಿ ಬಾಡಿಗೆ 3,500 ದಾಟಿದರೆ 1999ರ ಕರ್ನಾಟಕ ಬಾಡಿಗೆ ಕಾಯ್ದೆ ಅನ್ವಯಿಸುವುದಿಲ್ಲ. ನಿಮಗೆ ಆಧಾರ 1882ರ ಆಸ್ತಿ ವರ್ಗಾವಣೆ ಕಾಯ್ದೆ ಮತ್ತು ನಿಮ್ಮ ಅಗ್ರಿಮೆಂಟು. ಬಳಕೆಯಿಂದಾದ ಸಹಜ ಸವೆತಕ್ಕೆ ಬಾಡಿಗೆದಾರ ಹೊಣೆಯಲ್ಲ ಎನ್ನುತ್ತದೆ ಆ ಕಾಯ್ದೆ. ಆದರೆ ಇಲ್ಲಿನ ಅಗ್ರಿಮೆಂಟುಗಳಲ್ಲಿ ‘ಪೇಂಟಿಂಗ್‌ಗೆ ಒಂದು ತಿಂಗಳ ಬಾಡಿಗೆ’ ಎಂಬ ಸಾಲು ಸಾಮಾನ್ಯ. ನಿಮ್ಮದರಲ್ಲೂ ಇದ್ದರೆ 15,000 ಬಿಡಲು ಸಿದ್ಧರಾಗಿ. 32,000 ಕೇಳುವವರಿಗೂ ಅದೇ ಸಾಲು ತೋರಿಸಿ. ಅಡ್ವಾನ್ಸ್ ಎರಡೇ ತಿಂಗಳದ್ದು ಎನ್ನುವ 2021ರ ಮಾದರಿ ಬಾಡಿಗೆ ಕಾಯ್ದೆ ವಾಟ್ಸಾಪಿನಲ್ಲಿ ಓಡಾಡುತ್ತಿರುತ್ತದೆ. ಅದು ರಾಜ್ಯಗಳಿಗೆ ಕೇಂದ್ರ ಕೊಟ್ಟ ಮಾದರಿ ಮಾತ್ರ, ನಂಬಿ ವಾದಕ್ಕೆ ಇಳಿಯಬೇಡಿ.

ಹೋಗುವಾಗ ಅಗ್ರಿಮೆಂಟು, ಬಾಡಿಗೆ ಕಟ್ಟಿದ ಬ್ಯಾಂಕ್ ಸ್ಟೇಟ್‌ಮೆಂಟು, ಕೊನೆಯ ಕರೆಂಟ್ ಬಿಲ್ಲು ಜೊತೆಗಿರಲಿ. ಹಾಂ, ಆ ಸಿಂಕು. ಅದಕ್ಕೆ ಮುರಿದುಕೊಂಡ ಮೊತ್ತ ಬರೆದ ನೀವು, ಅದು ಹೇಗೆ ಒಡೆಯಿತೆಂದು ಒಂದು ಮಾತೂ ಆಡಿಲ್ಲ. ಒಡೆದದ್ದು ನಿಮ್ಮ ಮನೆಯವರೇ ಆಗಿದ್ದರೆ ಆ 6,000ವನ್ನು ಕೂತ ಕೂಡಲೇ ಒಪ್ಪಿಕೊಂಡುಬಿಡಿ.