ಅಲೆಕ್ಸಾಂಡರ್ ಬೆಲ್ಯಾಯೆವ್ ಯಾರು? ಅವರನ್ನು ಇಂದಿಗೂ ಯಾಕೆ ಓದುತ್ತಾರೆ?

ರಷ್ಯಾದಲ್ಲಿ ವೈಜ್ಞಾನಿಕ ಕಾದಂಬರಿಗೆ ಜನಪ್ರಿಯತೆ ತಂದುಕೊಟ್ಟ ಮೊದಲಿಗರಲ್ಲಿ ಬೆಲ್ಯಾಯೆವ್ ಒಬ್ಬರು. 1884ರಲ್ಲಿ ಸ್ಮೊಲೆನ್ಸ್ಕ್‌ನಲ್ಲಿ ಹುಟ್ಟಿದರು. ತಂದೆ ಪಾದ್ರಿ. ಮಗ ಓದಿದ್ದು ಕಾನೂನು, ಕೆಲಕಾಲ ವಕೀಲಿಕೆಯನ್ನೂ ಮಾಡಿದರು.

ಅವರನ್ನು ಅರ್ಥ ಮಾಡಿಕೊಳ್ಳಬೇಕಾದರೆ ಅವರ ಕಾಯಿಲೆಯ ಬಗ್ಗೆ ತಿಳಿದಿರಲೇಬೇಕು. ಸುಮಾರು ಮೂವತ್ತರ ವಯಸ್ಸಿಗೆ ಬೆನ್ನುಮೂಳೆಗೆ ಕ್ಷಯ ತಗುಲಿತು. ಮೂರು ವರ್ಷಕ್ಕೂ ಜಾಸ್ತಿ ಕಾಲ ಪ್ಲಾಸ್ಟರ್‌ನಲ್ಲಿ ಮಲಗಿಯೇ ಇದ್ದರು. ಸೊಂಟದ ಕೆಳಗೆ ಸ್ವಾಧೀನವಿರಲಿಲ್ಲ. 'ಪ್ರೊಫೆಸರ್ ಡೊವೆಲ್‌ನ ತಲೆ' ಕಾದಂಬರಿ ಹುಟ್ಟಿದ್ದೇ ಈ ಅನುಭವದಿಂದ. ಅದರಲ್ಲಿ ವಿಜ್ಞಾನಿಯೊಬ್ಬನ ತಲೆಯನ್ನು ಮಾತ್ರ ಜೀವಂತ ಇಟ್ಟಿರುತ್ತಾರೆ. ಅದು ಬಹುಮಟ್ಟಿಗೆ ತನ್ನದೇ ಕಥೆ ಎಂದು ಅವರೇ ಬರೆದಿದ್ದಾರೆ. ಅದಕ್ಕೇ ಆ ತಲೆಯ ಸಂಕಟ ಸುಮ್ನೆ ಕಲ್ಪನೆ ಅನ್ನಿಸುವುದಿಲ್ಲ.

1928ರ 'ಉಭಯಚರ ಮಾನವ' ಇನ್ನೂ ಪ್ರಸಿದ್ಧ. ಶಾರ್ಕ್‌ನ ಕಿವಿರು ಜೋಡಿಸಿಕೊಂಡ ಇಖ್ತಿಯಾಂಡರ್ ಎಂಬ ಯುವಕ ಅರ್ಜೆಂಟೀನಾದ ಕಡಲಲ್ಲಿ ಬದುಕುತ್ತಾನೆ. ಅವನನ್ನು ಹಿಡಿದು ದುಡ್ಡು ಮಾಡಲು ಮುತ್ತಿನ ವ್ಯಾಪಾರಿ ಹೊಂಚುತ್ತಾನೆ. 1960ರ ದಶಕದ ಆರಂಭದಲ್ಲಿ ಬಂದ ಇದರ ಸಿನಿಮಾ ಸೋವಿಯತ್ ಒಕ್ಕೂಟದಲ್ಲಿ ಭಾರೀ ಯಶಸ್ಸು ಕಂಡಿತು. 'ಕೆಟ್ಸ್ ನಕ್ಷತ್ರ'ದಲ್ಲಿ ಬಾಹ್ಯಾಕಾಶ ನಿಲ್ದಾಣದ ಬದುಕಿದೆ. ಹೆಸರಿನಲ್ಲಿರುವುದು ರಾಕೆಟ್ ಚಿಂತಕ ಕಾನ್‌ಸ್ಟಾಂಟಿನ್ ತ್ಸಿಯೊಲ್ಕೊವ್‌ಸ್ಕಿ ಅವರ ಇನಿಷಿಯಲ್‌ಗಳು. ಬರೆದದ್ದು 1930ರ ದಶಕದಲ್ಲಿ, ಮೊದಲ ಉಪಗ್ರಹಕ್ಕೂ ಎಷ್ಟು ಮುಂಚೆ ನೋಡಿ!

ನನಗೆ ಇಷ್ಟವಾಗುವುದು ಯಂತ್ರಗಳಿಗಿಂತ ಅವರ ಪ್ರಶ್ನೆ: ದೇಹಕ್ಕೆ ಹೊಸ ಶಕ್ತಿ ಬಂದರೆ ಮನುಷ್ಯ ಸ್ವತಂತ್ರನಾಗುತ್ತಾನಾ, ಇಲ್ಲಾ ಬೇರೆಯವರ ಆಸ್ತಿಯಾಗುತ್ತಾನಾ?

1942ರ ಜನವರಿಯಲ್ಲಿ, ಲೆನಿನ್‌ಗ್ರಾಡ್ ಬಳಿಯ, ಜರ್ಮನ್ನರು ಆಕ್ರಮಿಸಿದ್ದ ಪುಷ್ಕಿನ್ ಪಟ್ಟಣದಲ್ಲಿ ಹಸಿವಿನ ನಡುವೆ ತೀರಿಕೊಂಡರು.