ಕಾರವಾರದವನು ನಾನು, ಪೋಷಕ ನಟನಾಗಿ ಬದುಕಬಹುದೇ?

ವಯಸ್ಸು 34, ನಾಯಕನಾಗುವ ಆಸೆಯಿಲ್ಲ, ಧಾರಾವಾಹಿ ಮತ್ತು ಸಿನಿಮಾಗಳಲ್ಲಿ ಅಪ್ಪ, ಮಾವ, ಮೇಷ್ಟರ ಪಾತ್ರ ಮಾಡಿಕೊಂಡು ಸಂಸಾರ ನಡೆಸಬಹುದೇ ಎಂದು ಕೇಳಿದ್ದೀರಿ. ನಡೆಸಬಹುದು. ಶಿರಸಿ ಪಕ್ಕದ ಹಳ್ಳಿಯಿಂದ ಬೆಂಗಳೂರಿಗೆ ಹೋಗಿ ಹದಿನಾರು ವರ್ಷಗಳಿಂದ ನಾನು ಅದನ್ನೇ ಮಾಡುತ್ತಿದ್ದೇನೆ. ಆದರೆ ಈಗಿನ ಕೆಲಸಕ್ಕೆ ರಾಜೀನಾಮೆ ಕೊಡಲು ಅವಸರ ಬೇಡ.

ಮೊದಲ ಧಾರಾವಾಹಿಯಲ್ಲಿ ನಾನು ನಾಯಕಿಯ ದೊಡ್ಡಪ್ಪ. ಕೊನೆಯ ಸಾಲಿನವರಿಗೂ ದನಿ ಮುಟ್ಟಬೇಕೆಂಬ ಯಕ್ಷಗಾನದ ರೂಢಿ ನನ್ನದು. ಮೊದಲ ಮಾತಿಗೇ ನಿರ್ದೇಶಕರು ತಡೆದು, ‘ಮೈಕ್ ನಿಮ್ಮ ಅಂಗಿಯಲ್ಲೇ ಇದೆ’ ಎಂದರು. ದನಿ ತಗ್ಗಿಸುವುದು ವಾರದೊಳಗೆ ಬಂತು. ಕಷ್ಟವಾದದ್ದು ಸುಮ್ಮನೆ ನಿಲ್ಲುವುದು. ಕೂಡುಕುಟುಂಬದ ಕಥೆಯಲ್ಲಿ ಜಗಳ ಇಬ್ಬರದು, ಉಳಿದ ಏಳೆಂಟು ಮಂದಿ ಸುತ್ತ ನಿಂತಿರುತ್ತೇವೆ. ಅದೇ ದೃಶ್ಯವನ್ನು ಮತ್ತೆ ಮತ್ತೆ ನಡೆಸಿ ಒಬ್ಬೊಬ್ಬರ ಮುಖವನ್ನೂ ಹತ್ತಿರದಿಂದ ಹಿಡಿಯುತ್ತಾರೆ. ಐದನೆಯ ಸಲವೂ ಆ ಬೈಗುಳ ಆಗಷ್ಟೇ ಕಿವಿಗೆ ಬಿದ್ದಂತಿರಬೇಕು. ಕಾಫಿ ಲೋಟ ಯಾವ ಕೈಯಲ್ಲಿತ್ತು ಎಂಬುದೂ ನೆನಪಿರಬೇಕು. ಅಲ್ಲಿ ನನ್ನನ್ನು ಕಾಪಾಡಿದ್ದು ತಾಳಮದ್ದಳೆ, ಅಂದರೆ ವೇಷ, ಕುಣಿತವಿಲ್ಲದೆ ಕುಳಿತು ಮಾತಿನಲ್ಲೇ ನಡೆಸುವ ಯಕ್ಷಗಾನ. ಎದುರಿನವರು ಅರ್ಥ (ಪಾತ್ರದ ಮಾತು) ಹೇಳುತ್ತಿರುವಾಗ ಕುಳಿತು ಕೇಳುವವನ ಗಮನ ಜಾರಿದರೆ ಪ್ರಸಂಗವೇ ಸೊರಗುತ್ತದೆ. ಪೋಷಕ ನಟನ ಕಸುಬಿನಲ್ಲಿ ಮುಕ್ಕಾಲು ಪಾಲು ಕೇಳುವುದೇ ಎಂದು ನಾನು ನಂಬಿದ್ದೇನೆ.

ಶಿರಸಿಯಲ್ಲಿ ಬಾಲ್ಯ ಕಳೆದ ಗಿರೀಶ ಕಾರ್ನಾಡರನ್ನು ನೋಡಿ. ಹೊನ್ನಾವರ ಸೀಮೆಯ ಶಂಕರ್ ನಾಗ್ ನಿರ್ದೇಶಿಸಿದ ‘ಮಾಲ್ಗುಡಿ ಡೇಸ್’ನಲ್ಲಿ ಅವರು ಸ್ವಾಮಿಯ ತಂದೆ. ಮಗ ಮಾತಾಡುವಾಗ ಅವರ ಮುಖದ ಮೇಲೆ ಕಣ್ಣಿಡಿ. 1970ರ ‘ಸಂಸ್ಕಾರ’ದ ಪ್ರಾಣೇಶಾಚಾರ್ಯರೇ 2012ರ ‘ಏಕ್ ಥಾ ಟೈಗರ್’ನಲ್ಲಿ ಗುಪ್ತಚರ ಸಂಸ್ಥೆಯ ಮುಖ್ಯಸ್ಥ. ಇಷ್ಟು ದೀರ್ಘ ಬಾಳಿಕೆ ನಾಯಕರಿಗೂ ಅಪರೂಪ.

ಹಣದ ಮಾತು. ನಮಗೆ ದಿನದ ಲೆಕ್ಕದ ಸಂಭಾವನೆ. ಕರೆದಷ್ಟು ದಿನವಷ್ಟೇ ಗಳಿಕೆ. ಎರಡು ವರ್ಷ ದೊಡ್ಡಪ್ಪನಾಗಿದ್ದ ನನಗೆ ಒಂದು ಸಂಜೆ ಮ್ಯಾನೇಜರ್ ಫೋನ್ ಮಾಡಿ, ‘ಕಥೆಯಲ್ಲಿ ನೀವು ತೀರಿಕೊಳ್ಳುತ್ತೀರಿ, ಒಂದು ಫೋಟೋ ಕಳಿಸಿ’ ಎಂದರು. ಹಾರ ಹಾಕಿದ ಆ ಫೋಟೋ ತಿಂಗಳುಗಟ್ಟಲೆ ಗೋಡೆಯ ಮೇಲಿತ್ತು. ಕೊನೆಯ ಹನ್ನೊಂದು ದಿನಗಳ ಸಂಭಾವನೆ ಇಂದಿಗೂ ಬಂದಿಲ್ಲ. ಆ ವರ್ಷ ಮನೆ ನಡೆದದ್ದು ಊರಿನಿಂದ ತಮ್ಮ ಕಳಿಸಿದ ಅಡಿಕೆಯ ಹಣದಲ್ಲಿ. ಅದಕ್ಕೇ ಹೇಳುತ್ತೇನೆ, ಒಂದು ವರ್ಷದ ಖರ್ಚು ಕೈಯಲ್ಲಿಟ್ಟುಕೊಳ್ಳಿ. ಅಲ್ಲಿಯವರೆಗೆ ರಜೆ ಹಾಕಿ ರಾತ್ರಿ ಬಸ್ಸಿನಲ್ಲಿ ಬಂದು ಒಂದೆರಡು ದಿನದ ಪಾತ್ರಗಳನ್ನು ಮಾಡಿ ಹೋಗಿ.

ಮನೆಮಾತು ಕೊಂಕಣಿ ಎಂದು ಹಿಂಜರಿದಿದ್ದೀರಿ. ದಿನವೂ ಪತ್ರಿಕೆಯ ಒಂದು ಪುಟವನ್ನು ಗಟ್ಟಿಯಾಗಿ ಓದಿದರೆ ಉಚ್ಚಾರ ತಿದ್ದುತ್ತದೆ. ಕರಾವಳಿಯ ಧಾಟಿಯನ್ನು ಮಾತ್ರ ಮರೆಯಬೇಡಿ, ಮೀನುಗಾರನ ಪಾತ್ರ ಬಂದಾಗ ಅದನ್ನು ಬೆಂಗಳೂರಿನಲ್ಲಿ ಕಲಿಸುವವರು ಸಿಗುವುದಿಲ್ಲ. ಫೋಟೋ ಕಳಿಸುವಾಗ ಗಡ್ಡವಿರುವುದೊಂದು, ಬೋಳಿಸಿದ್ದೊಂದು, ಪಂಚೆ ಉಟ್ಟದ್ದೊಂದು ಇರಲಿ. ಬಣ್ಣ ತಿದ್ದಿದ್ದು ಬೇಡ.