ಪ್ರತಿಕ್ರಿಯೆ: ಪೋರ್ಟೊದಿಂದ ಡೋರೊ ಕಣಿವೆಗೆ ಬಳ್ಳಾರಿಯ ಅಪ್ಪ-ಅವ್ವನ ಜೊತೆ

ಪೋರ್ಚುಗಲ್‌ನ ಪೋರ್ಟೊ ಊರಿಂದ ಡೋರೊ ಹೊಳೆ ಕಣಿವೆಯ ದ್ರಾಕ್ಷಿ ತೋಟಗಳಿಗೆ ಅಪ್ಪ-ಅವ್ವನನ್ನು ಮತ್ತೆ ಹೇಗೆ ಕರೆದೊಯ್ಯುವುದು ಅಂತ ಕೇಳಿದ್ದೀರಿ. ಹೋದ ಸಲದ ಟೂರಿನಲ್ಲಿ ಅವ್ವನಿಗೆ ವಾಂತಿಯಾಗಿದ್ದು ಬಹುಶಃ ದಾರಿಯಿಂದ. ಆ ಕಣಿವೆಯ ರೆಗುವಾ ಊರಿಂದ ಪಿನ್ಯಾವ್‌ಗೆ ಹೋಗುವ 222ನೇ ರಸ್ತೆ ಹೊಳೆಗುಂಟ ಸುತ್ತಿ ಸುತ್ತಿ ಹೋಗುತ್ತೆ, ತೋಟಗಳಿಗೆ ಏರುವ ದಾರಿಯಲ್ಲಿ ತಿರುವು ಇನ್ನೂ ಜಾಸ್ತಿ. ವ್ಯಾನಿನ ಹಿಂದಿನ ಸೀಟು, ಖಾಲಿ ಹೊಟ್ಟೆ ಎರಡೂ ಸೇರಿದರೆ ಯಾರಿಗಾದರೂ ತಲೆ ತಿರುಗುತ್ತೆ.

ಈ ಸಲ ಬುಕ್ ಮಾಡುವ ಮುಂಚೆ, ಹೋಗುವಾಗ ರೈಲು ಇರುವ ಪ್ಯಾಕೇಜ್ ಇದೆಯಾ ಕೇಳಿ. ಪಿನ್ಯಾವ್‌ಗೆ ಪೋರ್ಟೊದಿಂದ ರೈಲಿನಲ್ಲಿ ಸುಮಾರು ಎರಡೂವರೆ ತಾಸು. ಬಲಗಡೆ ಕಿಟಕಿ ಹಿಡಿಯಿರಿ, ಹೊಳೆ ಆ ಬದಿಗೇ ಇರುತ್ತೆ. ಇಳಿದ ಮೇಲೆ ನಿಲ್ದಾಣದ ಗೋಡೆಯ ನೀಲಿ ಟೈಲ್ಸ್ ಚಿತ್ರಗಳನ್ನು ನಿಧಾನವಾಗಿ ನೋಡಿ, ದ್ರಾಕ್ಷಿ ಸುಗ್ಗಿಯೆಲ್ಲಾ ಅದರಲ್ಲಿದೆ. ವ್ಯಾನ್ ಹತ್ತಲೇಬೇಕಾದರೆ ಅವ್ವನಿಗೆ ಮುಂದಿನ ಸೀಟು.

ಊಟದ್ದು: ಬರೀ ‘ವೆಜಿಟೇರಿಯನ್’ ಅಂದರೆ ಮೊಟ್ಟೆ ಬಂದೀತು. ಮಾಂಸ, ಮೀನು, ಮೊಟ್ಟೆ ಬೇಡ ಅಂತ ಬುಕಿಂಗ್‌ನಲ್ಲೇ ಬಿಡಿಸಿ ಬರೆಯಿರಿ. ಕಟಕ ರೊಟ್ಟಿ, ಶೇಂಗಾ ಚಟ್ನಿಪುಡಿ ಚೀಲದಲ್ಲಿರಲಿ.

ಆ ಕಣಿವೆಯ ದ್ರಾಕ್ಷಿಯಿಂದ ಮಾಡುವ ಪೋರ್ಟ್ ವೈನ್ ಸಿಹಿ ಅಂತ ಮೋಸ ಹೋಗಬೇಡಿ. ಹುದುಗು ಏಳುತ್ತಿರುವಾಗಲೇ ದ್ರಾಕ್ಷಿ ಸ್ಪಿರಿಟ್ ಸುರಿಯುತ್ತಾರೆ, ಹಂಗಾಗಿ ಆಲ್ಕೋಹಾಲ್ ಶೇ. 20ರ ಆಸುಪಾಸು. ರುಚಿ ನೋಡಿ ಉಗುಳುವುದು ಅಲ್ಲಿ ಅಮರ್ಯಾದೆಯಲ್ಲ. ಕುಡಿಯದ ಅಪ್ಪನಿಗೆ ದ್ರಾಕ್ಷಿ ರಸ ಸಿಗುತ್ತಾ ಅಂತ ಮೊದಲೇ ವಿಚಾರಿಸಿ. ಪೋರ್ಟ್ ವೈನಿಗಾಗಿ 1756ರಲ್ಲಿ ಗಡಿ ಗುರುತಿಸಿದ ಸೀಮೆ ಅದು, ಗ್ರಾನೈಟ್ ಗಡಿಕಲ್ಲು ತೋರಿಸಿ ಅಂತ ಗೈಡಿಗೆ ಹೇಳಿ, ಅಪ್ಪನಿಗೆ ಖಂಡಿತ ಇಷ್ಟವಾಗುತ್ತೆ.

ಜುಲೈ-ಆಗಸ್ಟ್ ಬೇಡ, ಬಳ್ಳಾರಿ ಬಿಸಿಲೇ ಅಲ್ಲೂ. ಸೆಪ್ಟೆಂಬರ್ ಕೊನೆಗೆ ಇಟ್ಟುಕೊಳ್ಳಿ, ಸುಗ್ಗಿಯೂ ಕಾಣುತ್ತೆ.